ಪಟ್ಟಾಭಿರಾಮ ರೆಡ್ಡಿ: ಎರಡು ಭಾಷೆಗಳ ನಡುವೆ ನೆನಪು ಮತ್ತು ಅಸ್ಮಿತೆಯ ಶೋಧ

ಕನ್ನಡದ ಹೊಸ ಅಲೆಯ ಸಿನಿಮಾದ ಚರಿತ್ರೆ ಸಾಮಾನ್ಯವಾಗಿ 1970ರ ಸಂಸ್ಕಾರ ಚಿತ್ರದಿಂದ ಆರಂಭವಾಗುತ್ತದೆ. ಆ ಚಿತ್ರದ ಕುರಿತು ನಡೆದ ಚರ್ಚೆಯಲ್ಲಿ ಕಾದಂಬರಿಕಾರರಾದ ಯು.ಆರ್. ಅನಂತಮೂರ್ತಿಯವರ ಹೆಸರೂ, ಚಿತ್ರಕಥೆಗಾರರೂ ನಾಯಕನಟರೂ ಆಗಿದ್ದ ಗಿರೀಶ ಕಾರ್ನಾಡರ ಹೆಸರೂ ಪದೇ ಪದೇ ಬರುತ್ತವೆ. ಚಿತ್ರವನ್ನು ನಿರ್ಮಿಸಿ ನಿರ್ದೇಶಿಸಿದ ತಿಕ್ಕವರಪು ಪಟ್ಟಾಭಿರಾಮ ರೆಡ್ಡಿಯವರ ಹೆಸರು ಮಾತ್ರ ಶೀರ್ಷಿಕೆಯ ಪಕ್ಕದ ಒಂದು ಉಲ್ಲೇಖವಾಗಿ ಉಳಿದುಬಿಟ್ಟಿದೆ. ತೆಲುಗು ಸಾಹಿತ್ಯ ಚರಿತ್ರೆಯಲ್ಲಿ ಇದೇ ವ್ಯಕ್ತಿ ಪಟ್ಟಾಭಿ ಎಂಬ ಹೆಸರಿನಿಂದ ಛಂದಸ್ಸಿನ ಕಟ್ಟನ್ನು ಒಡೆದ ಕವಿ. ಅಲ್ಲಿ ಅವರ ಕನ್ನಡ ಚಿತ್ರಗಳು ಅಡಿಟಿಪ್ಪಣಿಗೆ ಸರಿದಿವೆ. ಹೀಗೆ ಒಂದೇ ಬದುಕು ಎರಡು ಭಾಷೆಗಳ ನೆನಪಿನಲ್ಲಿ ಎರಡು ತುಂಡಾಗಿ ಉಳಿದಿದೆ. ಈ ತುಂಡುಗಳನ್ನು ಕೂಡಿಸಿ ನೋಡಿದಾಗ, ತನಗೆ ಪರಂಪರೆಯಿಂದ ಬಂದ ಗುರುತುಗಳನ್ನು ಕಳಚಿಕೊಂಡ ಮನುಷ್ಯ ಯಾರಾಗಿ ಉಳಿಯುತ್ತಾನೆ ಎಂಬ ಒಂದೇ ಪ್ರಶ್ನೆಯನ್ನು ಕವಿತೆ, ರಾಜಕೀಯ ಮತ್ತು ಸಿನಿಮಾಗಳಲ್ಲಿ ಬೇರೆ ಬೇರೆ ಬಗೆಯಿಂದ ಕೇಳಿದ ಬದುಕು ಅದು ಎಂಬುದು ಸ್ಪಷ್ಟವಾಗುತ್ತದೆ.

1

ಪಟ್ಟಾಭಿರಾಮ ರೆಡ್ಡಿಯವರು ಹುಟ್ಟಿದ್ದು 1919ರಲ್ಲಿ, ನೆಲ್ಲೂರಿನ ಅನುಕೂಲಸ್ಥ ಮನೆತನವೊಂದರಲ್ಲಿ. ವಿದ್ಯಾಭ್ಯಾಸದ ಕಾಲದಲ್ಲಿ ಅವರು ಶಾಂತಿನಿಕೇತನಕ್ಕೆ ಹೋದರು. ರವೀಂದ್ರನಾಥ ಠಾಕೂರರು ಇನ್ನೂ ಬದುಕಿದ್ದ ಆ ದಿನಗಳ ವಾತಾವರಣ ಅವರಲ್ಲಿ ಕಾವ್ಯದ ಆಸಕ್ತಿಯನ್ನು ಗಟ್ಟಿಗೊಳಿಸಿತು. ಬಳಿಕ ಕಲಕತ್ತೆಯಲ್ಲಿ ಇಂಗ್ಲಿಷ್ ಸಾಹಿತ್ಯವನ್ನು ಅಭ್ಯಾಸ ಮಾಡಿದರು. ಆರಂಭದಲ್ಲಿ ಅವರನ್ನು ಸೆಳೆದದ್ದು ಆಗ ತೆಲುಗಿನಲ್ಲಿ ಪ್ರಬಲವಾಗಿದ್ದ ಭಾವಕವಿತ್ವ. ಅದರ ಮುಖ್ಯ ಪ್ರತಿನಿಧಿ ದೇವುಲಪಲ್ಲಿ ಕೃಷ್ಣಶಾಸ್ತ್ರಿಗಳ ಪ್ರಭಾವದಿಂದ ಯುವಕವಿಗಳು ತಪ್ಪಿಸಿಕೊಳ್ಳುವುದು ಆ ಕಾಲದಲ್ಲಿ ಸುಲಭವಿರಲಿಲ್ಲ.

ಆದರೆ 1939ರಲ್ಲಿ, ಇಪ್ಪತ್ತರ ವಯಸ್ಸಿನಲ್ಲಿ, ಪಟ್ಟಾಭಿಯವರು ಪ್ರಕಟಿಸಿದ ಫಿಡೇಲು ರಾಗಾಲ ಡಜನ್ ಎಂಬ ಸಂಕಲನ ಆ ಪ್ರಭಾವದಿಂದ ಪೂರ್ಣವಾಗಿ ಹೊರಬಂದಿತ್ತು. ಸಂಕಲನದ ಹೆಸರೇ ಅದರ ಧೋರಣೆಯನ್ನು ಸಾರುವಂತಿದೆ. ಪಶ್ಚಿಮದಿಂದ ಬಂದ ವಾದ್ಯ, ಭಾರತೀಯ ಸಂಗೀತದ ರಾಗ, ಅಂಗಡಿಯ ಲೆಕ್ಕದ ಡಜನ್ ಮೂರೂ ಅಲ್ಲಿ ಒಟ್ಟಿಗೆ ನಿಲ್ಲುತ್ತವೆ. ಯಾವುದು ಕಾವ್ಯಕ್ಕೆ ಯೋಗ್ಯವಾದ ಮಾತು, ಯಾವುದು ಅಲ್ಲ ಎಂಬ ಭೇದವನ್ನೇ ಈ ಹೆಸರು ಗೇಲಿ ಮಾಡುತ್ತದೆ. ಒಳಗಿನ ಕವಿತೆಗಳಲ್ಲಿ ಮದ್ರಾಸು ಪಟ್ಟಣದ ಬೀದಿ, ಅಲ್ಲಿನ ಇಂಗ್ಲಿಷ್ ಬೆರೆತ ಮಾತು, ನಗರದ ಹೊಸ ಬಯಕೆಗಳು ವಚನಪದ್ಯದ ರೂಪದಲ್ಲಿ ಬಂದವು. ಈ ಕೃತಿಗೆ ಮುನ್ನುಡಿ ಬರೆದವರು ಶ್ರೀಶ್ರೀ. ಪರಂಪರೆಯ ಪಕ್ಷದವರಿಂದ ತೀವ್ರ ಆಕ್ಷೇಪಗಳು ಬಂದವು. ಕಿರಿಯರಿಗೆ ಅದು ಬಿಡುಗಡೆಯ ದಾರಿಯಾಗಿ ಕಂಡಿತು.

ಕನ್ನಡದ ಸಂದರ್ಭದಲ್ಲಿ ಈ ಕಾಲಮಾನ ಗಮನಾರ್ಹವಾದುದು. ಗೋಪಾಲಕೃಷ್ಣ ಅಡಿಗರ ಚಂಡೆಮದ್ದಳೆ ಪ್ರಕಟವಾದದ್ದು 1954ರಲ್ಲಿ. ನವ್ಯವು ಕನ್ನಡದಲ್ಲಿ ಒಂದು ಸಾಹಿತ್ಯಮಾರ್ಗವಾಗಿ ನೆಲೆಗೊಳ್ಳುವುದಕ್ಕೆ ಹದಿನೈದು ವರ್ಷ ಮೊದಲೇ ಪಕ್ಕದ ಭಾಷೆಯಲ್ಲಿ ಇಂಥ ಪ್ರಯೋಗ ನಡೆದಿತ್ತು. ಮುಂದೆ ಕನ್ನಡ ನವ್ಯದ ಒಂದು ಮುಖ್ಯ ಕಾದಂಬರಿ ಇವರ ಕೈಗೆ ಬಂದಾಗ, ಅವರು ಆ ಸಂವೇದನೆಗೆ ಹೊಸಬರಾಗಿರಲಿಲ್ಲ. ಭಾಷೆಗೆ ಹೊರಗಿನವರಾಗಿದ್ದರೂ ಅದರ ಬಂಡಾಯಕ್ಕೆ ಅವರು ಒಳಗಿನವರೇ ಆಗಿದ್ದರು.

2

ಕವಿತಾ ಸಂಕಲನದ ಬಳಿಕ ಪಟ್ಟಾಭಿಯವರು ಅಮೆರಿಕಕ್ಕೆ ತೆರಳಿ ನ್ಯೂಯಾರ್ಕಿನ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಗಣಿತವನ್ನು ಅಭ್ಯಾಸ ಮಾಡಿದರು. ಅದೇ ನಗರದಲ್ಲಿ ರಂಗಭೂಮಿ ಮತ್ತು ಸಿನಿಮಾಗಳ ಪರಿಚಯವನ್ನೂ ಮಾಡಿಕೊಂಡರು. ಎರಡನೆಯ ಮಹಾಯುದ್ಧದ ಕಾರಣದಿಂದ ಭಾರತಕ್ಕೆ ಮರಳಬೇಕಾಯಿತು. ಮರಳಿ ಬಂದವರಿಗೆ ನೆಲ್ಲೂರಿನ ಮನೆತನದ ಬದುಕು ಸಾಲದಾಯಿತು. ಮದ್ರಾಸು ಅವರ ಕಾರ್ಯಕ್ಷೇತ್ರವಾಯಿತು.

1947ರಲ್ಲಿ ಅವರು ಸ್ನೇಹಲತಾ ಅವರನ್ನು ವಿವಾಹವಾದರು. ಸ್ನೇಹಲತಾ ಹುಟ್ಟಿದ್ದು 1932ರಲ್ಲಿ, ಕ್ರೈಸ್ತ ಧರ್ಮಕ್ಕೆ ಮತಾಂತರಗೊಂಡ ಕುಟುಂಬದಲ್ಲಿ. ವಸಾಹತುಶಾಹಿಯನ್ನು ತೀವ್ರವಾಗಿ ವಿರೋಧಿಸಿದ ಅವರು ಭಾರತೀಯ ಹೆಸರನ್ನೂ ಉಡುಪನ್ನೂ ಬುದ್ಧಿಪೂರ್ವಕವಾಗಿ ಆರಿಸಿಕೊಂಡಿದ್ದರು. ಒಬ್ಬರು ಪರಂಪರೆಯ ಛಂದಸ್ಸನ್ನು ಬಿಟ್ಟು ಹೊರಟವರು. ಇನ್ನೊಬ್ಬರು ತಮಗೆ ಕೊಟ್ಟ ಗುರುತನ್ನು ಬಿಟ್ಟು ತಾವೇ ಒಂದು ಗುರುತನ್ನು ಕಟ್ಟಿಕೊಂಡವರು. ಈ ಇಬ್ಬರ ದಾಂಪತ್ಯದಲ್ಲಿ ಅಸ್ಮಿತೆ ಎಂಬುದು ಹುಟ್ಟಿನಿಂದ ದೊರೆತ ಆಸ್ತಿಯಾಗಿರದೆ ಆಯ್ಕೆಯ ಪ್ರಶ್ನೆಯಾಗಿತ್ತು. ಸ್ನೇಹಲತಾ ಅವರು ಮದ್ರಾಸ್ ಪ್ಲೇಯರ್ಸ್ ರಂಗತಂಡದ ಸ್ಥಾಪಕರಲ್ಲಿ ಒಬ್ಬರಾಗಿ, ನಟಿಯಾಗಿ ಹೆಸರು ಮಾಡಿದರು. ಇಬ್ಬರೂ ರಾಮಮನೋಹರ ಲೋಹಿಯಾ ಅವರ ಸಮಾಜವಾದಕ್ಕೆ ಒಲಿದರು. ಜಾತಿಯನ್ನು ಒಡೆಯದೆ ವರ್ಗವನ್ನು ಒಡೆಯಲಾಗದು ಎಂಬ ಲೋಹಿಯಾ ವಿಚಾರದ ತಿರುಳು ಆ ಮನೆಯ ನಿತ್ಯದ ಚರ್ಚೆಯ ವಸ್ತುವಾಗಿತ್ತು.

ಸಿನಿಮಾ ಕ್ಷೇತ್ರಕ್ಕೆ ಪಟ್ಟಾಭಿಯವರು ಬಂದದ್ದು ಮೊದಲು ನಿರ್ಮಾಪಕರಾಗಿ. ಕೆ.ವಿ. ರೆಡ್ಡಿಯವರು ನಿರ್ದೇಶಿಸಿದ ತೆಲುಗಿನ ಪೆಳ್ಳಿನಾಟಿ ಪ್ರಮಾಣಾಲು (1958) ಅವರು ತೊಡಗಿಸಿಕೊಂಡ ಚಿತ್ರಗಳಲ್ಲಿ ಮುಖ್ಯವಾದುದು. ಅದು ಸ್ಟುಡಿಯೋ, ತಾರೆ, ಹಾಡುಗಳ ಲೋಕ. ಅಲ್ಲಿ ಗಳಿಸಿದ ಅನುಭವ ಅವರಿಗೆ ಸಿನಿಮಾದ ಯಂತ್ರಾಂಗವನ್ನು ತಿಳಿಸಿಕೊಟ್ಟಿತು. ತಾವು ಮುಂದೆ ಯಾವುದನ್ನು ಮಾಡಬಾರದು ಎಂಬುದೂ ಅಲ್ಲಿಯೇ ತಿಳಿದಿರಬೇಕು. ಏಕೆಂದರೆ ಮುಂದಿನ ಚಿತ್ರದಲ್ಲಿ ಸ್ಟುಡಿಯೋವನ್ನೂ ತಾರೆಯನ್ನೂ ಹಾಡನ್ನೂ ಅವರು ಒಟ್ಟಿಗೇ ಕೈಬಿಟ್ಟರು.

3

ಅನಂತಮೂರ್ತಿಯವರ ಸಂಸ್ಕಾರ ಕಾದಂಬರಿ ಪ್ರಕಟವಾದದ್ದು 1965ರಲ್ಲಿ. ಆ ಕಾಲದಲ್ಲಿ ಕಾರ್ನಾಡರು ಮದ್ರಾಸಿನಲ್ಲಿ ಪ್ರಕಾಶನ ಸಂಸ್ಥೆಯೊಂದರ ಉದ್ಯೋಗದಲ್ಲಿದ್ದು ಮದ್ರಾಸ್ ಪ್ಲೇಯರ್ಸ್ ತಂಡದೊಂದಿಗೆ ಒಡನಾಟ ಹೊಂದಿದ್ದರು. ಆ ರಂಗಭೂಮಿಯ ಸ್ನೇಹವಲಯದಲ್ಲಿಯೇ ಚಿತ್ರದ ಬೀಜವಿದೆ. ಕಾರ್ನಾಡರು ಚಿತ್ರಕಥೆ ಬರೆದು ಪ್ರಾಣೇಶಾಚಾರ್ಯರ ಪಾತ್ರ ವಹಿಸಿದರು. ಪಿ. ಲಂಕೇಶರು ನಾರಣಪ್ಪನಾದರು, ಸ್ನೇಹಲತಾ ಚಂದ್ರಿಯಾದರು. ಸಂಗೀತ ರಾಜೀವ ತಾರಾನಾಥರದು, ಕಲಾನಿರ್ದೇಶನ ಚಿತ್ರಕಾರ ಎಸ್.ಜಿ. ವಾಸುದೇವ ಅವರದು. ಛಾಯಾಗ್ರಾಹಕ ಟಾಮ್ ಕೋವನ್ ಆಸ್ಟ್ರೇಲಿಯಾದವರು. ಸಂಕಲನ ಮಾಡಿದ ಸ್ಟೀವನ್ ಕಾರ್ಟಾ ಕೂಡ ವಿದೇಶದವರೇ. ಚಿತ್ರೀಕರಣ ಮುಖ್ಯವಾಗಿ ನಡೆದದ್ದು ಶೃಂಗೇರಿಯ ಸಮೀಪದ ವೈಕುಂಠಪುರದಲ್ಲಿ. ನಿರ್ಮಾಣ ಸಂಸ್ಥೆಗೆ ಇಟ್ಟ ಹೆಸರು ರಾಮಮನೋಹರ ಚಿತ್ರ. ಲೋಹಿಯಾ ತೀರಿಕೊಂಡದ್ದು 1967ರಲ್ಲಿ. ಚಿತ್ರದ ಮೊದಲ ಅಕ್ಷರಗಳೇ ಹೀಗೆ ಒಂದು ಸ್ಮರಣೆಯಾಗಿದ್ದವು.

ಈ ತಂಡದ ರಚನೆಯಲ್ಲಿ ಒಂದು ವಿಶೇಷವಿದೆ. ಕನ್ನಡ ಹೊಸ ಅಲೆಯ ಮೊದಲ ಹೆಗ್ಗುರುತಾದ ಚಿತ್ರದ ನಿರ್ದೇಶಕರ ತಾಯ್ನುಡಿ ಕನ್ನಡವಲ್ಲ. ಅದನ್ನು ಕಂಡ ಕ್ಯಾಮೆರಾದ ಕಣ್ಣೂ ಕನ್ನಡದ್ದಲ್ಲ. ಇದನ್ನು ಕೊರತೆ ಎಂದು ಭಾವಿಸುವುದು ಸುಲಭ. ಆದರೆ ಅಗ್ರಹಾರದಲ್ಲಿ ಹುಟ್ಟಿ ಬೆಳೆದವರಿಗೆ ಅದರ ಜಗುಲಿ, ಅಂಗಳ, ಮಡಿ, ಊಟದ ಎಲೆಗಳು ಎಷ್ಟು ಪರಿಚಿತವೆಂದರೆ ಅವು ಕಣ್ಣಿಗೆ ಬೀಳುವುದೇ ಇಲ್ಲ. ಹೊರಗಿನಿಂದ ಬಂದವರು ಅವನ್ನು ಒಂದೊಂದಾಗಿ ನೋಡಲೇಬೇಕಾಗುತ್ತದೆ. ಈ ಕಪ್ಪು-ಬಿಳುಪು ಚಿತ್ರದಲ್ಲಿ ಮನೆಗಳ ಸಾಲು, ಸತ್ತ ಇಲಿಗಳು, ಹಸಿದ ಮುಖಗಳು ಒಂದು ದಾಖಲೆಯ ಖಚಿತತೆಯಿಂದ ಬರುವುದಕ್ಕೆ ಆ ದೂರವೇ ಕಾರಣ. ಕಾದಂಬರಿಯ ಒಳಗಿನವನ ಆತ್ಮವಿಮರ್ಶೆಗೆ ಸಿನಿಮಾ ಹೊರಗಿನವನ ನೋಟವನ್ನು ಕೂಡಿಸಿತು.

ಚಿತ್ರದ ವಸ್ತು ಕನ್ನಡ ಓದುಗರಿಗೆ ಸುಪರಿಚಿತ. ಬ್ರಾಹ್ಮಣ್ಯವನ್ನು ತೊರೆದಂತೆ ಬದುಕಿದ ನಾರಣಪ್ಪ ಸತ್ತಾಗ ಅವನ ಶವಸಂಸ್ಕಾರದ ಹೊಣೆ ಯಾರದು ಎಂಬ ಪ್ರಶ್ನೆ ದೂರ್ವಾಸಪುರದ ಅಗ್ರಹಾರವನ್ನು ಕಲಕುತ್ತದೆ. ಶಾಸ್ತ್ರದಲ್ಲಿ ಉತ್ತರ ಹುಡುಕುವ ಪ್ರಾಣೇಶಾಚಾರ್ಯರಿಗೆ ಉತ್ತರ ಸಿಗುವುದಿಲ್ಲ. ಚಂದ್ರಿಯ ಕೂಟದ ಅನಂತರ ತಾವು ಯಾರು ಎಂಬುದೇ ಅವರಿಗೆ ಪ್ರಶ್ನೆಯಾಗುತ್ತದೆ. ಪಟ್ಟಾಭಿಯವರು ಈ ಕಥೆಯನ್ನು ಎರಡು ನೆಲೆಗಳಲ್ಲಿ ಹಿಡಿದರು. ಮೊದಲ ಭಾಗದಲ್ಲಿ ಗುಂಪು ಮುಖ್ಯ. ಶವದ ಸುತ್ತ ಕೂಡಿದ ಬ್ರಾಹ್ಮಣರ ಭಯ, ಹಸಿವು, ಚಂದ್ರಿಯ ಒಡವೆಯ ಮೇಲಿನ ಆಸೆ ಚಿತ್ರವನ್ನು ನಡೆಸುತ್ತವೆ. ಎರಡನೆಯ ಭಾಗದಲ್ಲಿ ಒಂಟಿ ಮನುಷ್ಯ ಮುಖ್ಯ. ಊರು ಬಿಟ್ಟು ನಡೆಯುವ ಆಚಾರ್ಯರಿಗೆ ತಮ್ಮ ಹೆಸರು, ಕುಲ, ಪಾಂಡಿತ್ಯಗಳು ಭಾರವಾಗಿ ಹಿಂಬಾಲಿಸುತ್ತವೆ. ಹಿಂದಿನ ಗುರುತನ್ನು ಮರೆಮಾಚಿ ನಡೆಯುವವನಿಗೆ ಪ್ರತಿ ಭೇಟಿಯೂ ಪರೀಕ್ಷೆಯಾಗುತ್ತದೆ. ನೆನಪೇ ಇಲ್ಲಿ ಪೊಲೀಸಿನಂತೆ ಬೆನ್ನುಹತ್ತುತ್ತದೆ.

ಇಲ್ಲಿಯೇ ಚಿತ್ರದ ಮಿತಿಯನ್ನೂ ಗುರುತಿಸಬೇಕು. ಕಾದಂಬರಿಯ ಉತ್ತರಾರ್ಧ ಬಹುಮಟ್ಟಿಗೆ ಪ್ರಾಣೇಶಾಚಾರ್ಯರ ಮನಸ್ಸಿನೊಳಗೆ ನಡೆಯುವ ವಾಗ್ವಾದ. ಭಾಷೆಯಲ್ಲಿ ಮಾತ್ರ ಸಾಧ್ಯವಾಗುವ ಆ ಒಳತೋಟಿಯನ್ನು ಕ್ಯಾಮೆರಾ ಪೂರ್ತಿಯಾಗಿ ಹಿಡಿಯಲಾರದು. ನಡಿಗೆ, ಮೌನ, ಮುಖಭಾವಗಳನ್ನಷ್ಟೇ ಅದು ಕೊಡಬಲ್ಲದು. ಆದುದರಿಂದ ಚಿತ್ರ ಜಾತಿವ್ಯವಸ್ಥೆಯ ವಿಮರ್ಶೆಯಾಗಿ ಎಷ್ಟು ತೀಕ್ಷ್ಣವೋ ಆತ್ಮಶೋಧವಾಗಿ ಅಷ್ಟು ಆಳವಲ್ಲ ಎಂಬ ವಾದಕ್ಕೆ ಅವಕಾಶವಿದೆ. ಚಂದ್ರಿಯ ವಿಷಯದಲ್ಲಿ ಮಾತ್ರ ಚಿತ್ರ ಕಾದಂಬರಿಗೆ ಏನನ್ನೋ ಕೂಡಿಸಿದೆ. ಕಾದಂಬರಿಯಲ್ಲಿ ಅವಳು ಬಹುಪಾಲು ಆಚಾರ್ಯರ ಪ್ರಜ್ಞೆಯ ಮೂಲಕ ಕಾಣುವ ಹೆಣ್ಣು. ತೆರೆಯ ಮೇಲೆ ಸ್ನೇಹಲತಾ ಅವರ ದೃಢವಾದ ಇರವು ಅವಳಿಗೆ ಸ್ವತಂತ್ರವಾದ ಘನತೆಯನ್ನು ಕೊಟ್ಟಿತು. ಪಂಡಿತರು ಗ್ರಂಥಗಳಲ್ಲಿ ಹುಡುಕುತ್ತಿರುವಾಗ, ರಾತ್ರಿಯಲ್ಲಿ ಮುಸ್ಲಿಮನೊಬ್ಬನ ನೆರವಿನಿಂದ ಶವಕ್ಕೆ ಬೆಂಕಿ ಕೊಡಿಸುವವಳು ಅವಳೇ.

ಚಿತ್ರ ಸಿದ್ಧವಾದ ಮೇಲೆ ಮದ್ರಾಸಿನ ಸೆನ್ಸಾರ್ ಮಂಡಳಿ ಅದರ ಜಾತಿವಿರೋಧಿ ವಸ್ತು ಉದ್ವೇಗಕ್ಕೆ ಕಾರಣವಾದೀತೆಂದು ಪ್ರದರ್ಶನಕ್ಕೆ ಅನುಮತಿ ನಿರಾಕರಿಸಿತು. ಕೇಂದ್ರ ವಾರ್ತಾ ಮತ್ತು ಪ್ರಸಾರ ಇಲಾಖೆಯ ಮಟ್ಟದಲ್ಲಿ ಆ ನಿಷೇಧ ತೆರವಾಯಿತು. ಬಳಿಕ 1970ರ ಸಾಲಿನ ಅತ್ಯುತ್ತಮ ಚಿತ್ರವೆಂದು ರಾಷ್ಟ್ರಪತಿಗಳ ಸ್ವರ್ಣಪದಕ ಅದಕ್ಕೆ ಸಂದಿತು. ಕನ್ನಡ ಚಿತ್ರವೊಂದಕ್ಕೆ ಆ ಗೌರವ ದೊರೆತದ್ದು ಅದೇ ಮೊದಲು. 1972ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ಕಂಚಿನ ಚಿರತೆ ಪ್ರಶಸ್ತಿಯೂ ಬಂದಿತು. ವಂಶವೃಕ್ಷ, ಕಾಡು, ಚೋಮನ ದುಡಿ, ಘಟಶ್ರಾದ್ಧಗಳು ಅದೇ ದಶಕದಲ್ಲಿ ಈ ದಾರಿಯಲ್ಲಿ ಬಂದವು. ಎನ್. ಲಕ್ಷ್ಮೀನಾರಾಯಣರ ನಾಂದಿ 1964ರಲ್ಲಿಯೇ ಪ್ರಯೋಗದ ಬಾಗಿಲನ್ನು ತಟ್ಟಿತ್ತು ಎಂಬುದನ್ನು ಮರೆಯುವಂತಿಲ್ಲವಾದರೂ, ಆ ಬಾಗಿಲು ಪೂರ್ಣವಾಗಿ ತೆರೆದದ್ದು ಸಂಸ್ಕಾರದಿಂದ.

4

ಪಟ್ಟಾಭಿಯವರ ಮುಂದಿನ ಚಿತ್ರ ಚಂಡಮಾರುತ. ಲಂಕೇಶರ ಕ್ರಾಂತಿ ಬಂತು ಕ್ರಾಂತಿ ನಾಟಕವನ್ನು ಆಧರಿಸಿದ ಈ ಚಿತ್ರದಲ್ಲಿಯೂ ಸ್ನೇಹಲತಾ ಅಭಿನಯಿಸಿದರು. ವ್ಯವಸ್ಥೆಯ ವಿರುದ್ಧದ ಸಿಟ್ಟು, ಕ್ರಾಂತಿಯ ಭಾಷೆ ಮತ್ತು ಪ್ರಭುತ್ವದ ಹಿಂಸೆ ಅದರ ವಸ್ತು. ಆದರೆ ಚಿತ್ರ 1977ರಲ್ಲಿ ಹೊರಬರುವ ಹೊತ್ತಿಗೆ ಅದರ ವಸ್ತು ನಿರ್ದೇಶಕರ ಮನೆಯ ಬಾಗಿಲನ್ನೇ ಹೊಕ್ಕು ಹೋಗಿತ್ತು.

1975ರ ಜೂನ್ 25ರಂದು ತುರ್ತುಪರಿಸ್ಥಿತಿ ಘೋಷಣೆಯಾಯಿತು. ಬೆಂಗಳೂರಿನಲ್ಲಿ ನೆಲೆಸಿದ್ದ ರೆಡ್ಡಿ ದಂಪತಿಗಳು ಸಮಾಜವಾದಿ ನಾಯಕ ಜಾರ್ಜ್ ಫರ್ನಾಂಡಿಸರ ಆಪ್ತರಾಗಿದ್ದು, ಭೂಗತ ಪ್ರತಿರೋಧಕ್ಕೆ ಬೆಂಬಲವಾಗಿ ನಿಂತರು. 1976ರ ಮೇ 2ರಂದು ಬರೋಡಾ ಡೈನಮೈಟ್ ಪ್ರಕರಣದ ಸಂಬಂಧದಲ್ಲಿ ಸ್ನೇಹಲತಾ ಅವರನ್ನು ಬಂಧಿಸಲಾಯಿತು. ಮುಂದೆ ಸಲ್ಲಿಸಿದ ಆರೋಪಪಟ್ಟಿಯಲ್ಲಿ ಅವರ ಹೆಸರು ಇರಲಿಲ್ಲ. ಆದರೂ ಮೀಸಾ ಕಾಯಿದೆಯಡಿ ವಿಚಾರಣೆಯಿಲ್ಲದೆ ಬೆಂಗಳೂರಿನ ಕೇಂದ್ರ ಕಾರಾಗೃಹದಲ್ಲಿ ಸುಮಾರು ಎಂಟು ತಿಂಗಳು ಇರಿಸಲಾಯಿತು. ಅವರಿಗೆ ತೀವ್ರವಾದ ಉಬ್ಬಸವಿತ್ತು. ಸೆರೆಮನೆಯಲ್ಲಿ ಅವರು ದಿನಚರಿ ಬರೆದರು; ಹೆಣ್ಣು ಕೈದಿಗಳಿಗೆ ಆಗುತ್ತಿದ್ದ ಹಿಂಸೆಯನ್ನು ಪ್ರತಿಭಟಿಸಿದರು. ಅದೇ ಕಾರಾಗೃಹದಲ್ಲಿ ಬಂಧಿತರಾಗಿದ್ದ ಮಧು ದಂಡವತೆಯವರು ರಾತ್ರಿಯ ಮೌನದಲ್ಲಿ ಸ್ನೇಹಲತಾ ಅವರ ಕೋಣೆಯಿಂದ ಬರುತ್ತಿದ್ದ ನರಳಾಟವನ್ನು ತಮ್ಮ ನೆನಪುಗಳಲ್ಲಿ ದಾಖಲಿಸಿದ್ದಾರೆ. ಆರೋಗ್ಯ ಪೂರ್ಣ ಕುಸಿದ ಮೇಲೆ 1977ರ ಜನವರಿ 15ರಂದು ಪೆರೋಲಿನ ಮೇಲೆ ಬಿಡುಗಡೆ ದೊರೆಯಿತು. ಜನವರಿ 18ರಂದು ಲೋಕಸಭಾ ಚುನಾವಣೆಯ ಘೋಷಣೆಯಾಯಿತು. ಜನವರಿ 20ರಂದು ಸ್ನೇಹಲತಾ ತೀರಿಕೊಂಡರು. ಅವರ ಸೆರೆಮನೆಯ ದಿನಚರಿ ಅದೇ ವರ್ಷ ಪುಸ್ತಕರೂಪದಲ್ಲಿ ಪ್ರಕಟವಾಯಿತು.

ಸಂಸ್ಕಾರವನ್ನು ನಿರ್ದೇಶಿಸಿದವರ ಬದುಕಿನಲ್ಲಿ ಈ ಸಾವು ಒಡ್ಡಿದ ಪ್ರಶ್ನೆ ಕಲೆಯ ವ್ಯಾಪ್ತಿಯನ್ನು ಮೀರಿದುದು. ಸತ್ತವನ ಹೊಣೆ ಯಾರದು ಎಂದು ಅವರ ಚಿತ್ರ ಅಗ್ರಹಾರವನ್ನು ಕೇಳಿತ್ತು. ಏಳು ವರ್ಷಗಳ ಅನಂತರ ಅದೇ ಪ್ರಶ್ನೆ ಪ್ರಭುತ್ವದ ಮುಂದೆ ನಿಂತಿತು. ಉತ್ತರ ಹೇಳುವವರು ಇರಲಿಲ್ಲ. ದೂರ್ವಾಸಪುರದ ಪಂಡಿತರು ಶಾಸ್ತ್ರದ ಹಿಂದೆ ಅಡಗಿದಂತೆ ಇಲ್ಲಿ ಅಧಿಕಾರ ಕಾಯಿದೆಯ ಹಿಂದೆ ಅಡಗಿತ್ತು. ಚಂಡಮಾರುತವನ್ನು ಆ ವರ್ಷ ನೋಡಿದ ಪ್ರೇಕ್ಷಕರ ಎದುರಿಗೆ ಸ್ನೇಹಲತಾ ನಡೆದಾಡಿದರು, ಮಾತಾಡಿದರು. ಸಿನಿಮಾ ನೆನಪಿನ ಮಾಧ್ಯಮ ಎಂಬ ಮಾತು ಸಿದ್ಧಾಂತದ ಪುಸ್ತಕಗಳಲ್ಲಿ ಸುಲಭವಾಗಿ ಸಿಗುತ್ತದೆ. ತೀರಿಹೋದ ಹೆಂಡತಿಯನ್ನು ತಾನೇ ಚಿತ್ರಿಸಿದ ಪಟ್ಟಿಯಲ್ಲಿ ಮತ್ತೆ ಕಾಣಬೇಕಾದ ನಿರ್ದೇಶಕನಿಗೆ ಅದು ಸಿದ್ಧಾಂತವಾಗಿರಲು ಸಾಧ್ಯವಿರಲಿಲ್ಲ.

5

ಅನಂತರದ ಮೂರು ದಶಕಗಳಲ್ಲಿ ಪಟ್ಟಾಭಿಯವರು ಕನ್ನಡದಲ್ಲಿ ನಿರ್ದೇಶಿಸಿದ್ದು ಎರಡೇ ಚಿತ್ರಗಳು: ಶೃಂಗಾರ ಮಾಸ (1984) ಮತ್ತು ದೇವರ ಕಾಡು (1993). ಮೊದಲನೆಯದರಲ್ಲಿ ಜಾತಿ-ರಾಜಕೀಯಗಳ ನೇರ ಸಂಘರ್ಷದಿಂದ ಅವರು ಸರಿದು ಗಂಡು ಹೆಣ್ಣಿನ ಸಂಬಂಧದ ಕಡೆಗೆ ಹೊರಳಿದರು. ಎರಡನೆಯದರಲ್ಲಿ ಮನುಷ್ಯ ಮತ್ತು ಅರಣ್ಯದ ಸಂಬಂಧವನ್ನು ಎತ್ತಿಕೊಂಡರು. ಈ ಎರಡು ಚಿತ್ರಗಳಿಗೆ ಸಂಸ್ಕಾರಕ್ಕೆ ದೊರೆತ ಚರ್ಚೆಯ ಅಲ್ಪಭಾಗವೂ ದೊರೆಯಲಿಲ್ಲ. ತೆಲುಗಿನಲ್ಲಿ ಅವರ ಕವಿತೆಗಳ ಇತರ ಸಂಕಲನಗಳು ಹೊರಬಂದವು. ಅರವಿಂದರ ಸಾವಿತ್ರಿ ಮಹಾಕಾವ್ಯವನ್ನು ಆಧರಿಸಿ ಇಂಗ್ಲಿಷಿನಲ್ಲಿ ನಾಟಕವೊಂದನ್ನು ರಚಿಸಿ ಅದನ್ನು ಸ್ನೇಹಲತಾ ಅವರಿಗೆ ಅರ್ಪಿಸಿದರು. ಪುರಾಣದಲ್ಲಿ ಸಾವಿತ್ರಿ ಯಮನ ಕೈಯಿಂದ ಗಂಡನನ್ನು ಮರಳಿ ತರುತ್ತಾಳೆ. ಇಲ್ಲಿ ಹೆಂಡತಿ ಹೋದ ಮೇಲೆ ಉಳಿದ ಗಂಡ ಆ ಕಥೆಯನ್ನು ಮತ್ತೆ ಹೇಳುತ್ತಿದ್ದಾನೆ. ಲೋಹಿಯಾವಾದಿಯಾದ ಪಟ್ಟಾಭಿ ಕೊನೆಗೆ ಅಧ್ಯಾತ್ಮಕ್ಕೆ ಶರಣಾದರು ಎಂದು ಇದನ್ನು ಓದುವವರಿದ್ದರೆ, ಅರ್ಪಣೆಯ ಹೆಸರನ್ನು ಅವರು ಗಮನಿಸಬೇಕಾಗುತ್ತದೆ. ಅದು ರಾಜಕೀಯ ಗಾಯವೊಂದರ ನೆನಪನ್ನು ಪುರಾಣದ ಭಾಷೆಯಲ್ಲಿ ಕಾಪಿಡುವ ಕ್ರಮ.

ಸಂಖ್ಯೆಯ ದೃಷ್ಟಿಯಿಂದ ನಾಲ್ಕು ಚಿತ್ರಗಳ ಸಾಧನೆ ಕಿರಿದು. ಪಟ್ಟಾಭಿಯವರು ಒಂದು ನಿರಂತರವಾದ ಚಿತ್ರಶೈಲಿಯನ್ನು ಬೆಳೆಸಲಿಲ್ಲ. ಪ್ರಯೋಗವೇ ಅವರ ಧರ್ಮವಾದುದರಿಂದ ಒಂದು ಚಿತ್ರದ ದಾರಿಯಲ್ಲಿ ಇನ್ನೊಂದು ಚಿತ್ರ ಬರಲಿಲ್ಲ. ಅವರ ಪ್ರಯೋಗ ಯಶಸ್ವಿಯಾದದ್ದು ಸಮಾನ ಮನಸ್ಸಿನ ಬರಹಗಾರರು, ಕಲಾವಿದರು ಜೊತೆಗೂಡಿದಾಗ. ಆ ಕೂಟ ಚದುರಿದ ಮೇಲೆ ಅದರ ಬಲವೂ ಕುಗ್ಗಿತು. 2006ರ ಮೇ 6ರಂದು ಬೆಂಗಳೂರಿನಲ್ಲಿ ಅವರು ತೀರಿಕೊಂಡಾಗ ಅವರಿಗೆ 87 ವರ್ಷ.

6

ಪಟ್ಟಾಭಿಯವರ ಬದುಕು ಕನ್ನಡ ಸಂಶೋಧನೆಯ ಮುಂದಿಡುವ ಪ್ರಶ್ನೆ ಒಬ್ಬ ವ್ಯಕ್ತಿಗೆ ನ್ಯಾಯ ಸಲ್ಲಿಸುವಷ್ಟಕ್ಕೇ ಸೀಮಿತವಲ್ಲ. ಸಾಹಿತ್ಯ ಚರಿತ್ರೆಗಳು ಒಂದೊಂದು ಭಾಷೆಯ ಗಡಿಯೊಳಗೆ ರಚಿತವಾಗುವುದರಿಂದ, ಗಡಿಯನ್ನು ದಾಟಿ ಬದುಕಿದವರು ಎರಡೂ ಕಡೆ ಅರ್ಧವಾಗಿ ಉಳಿಯುತ್ತಾರೆ. ಅವರ ತೆಲುಗು ಕವಿತೆಯನ್ನು ತಿಳಿಯದೆ ಸಂಸ್ಕಾರದ ದೃಶ್ಯಭಾಷೆಯ ಧೈರ್ಯ ಎಲ್ಲಿಂದ ಬಂತೆಂದು ಹೇಳಲಾಗದು. ಸಂಸ್ಕಾರವನ್ನು ಬಿಟ್ಟು ಅವರ ಕವಿತೆಯ ಬಂಡಾಯ ಎಲ್ಲಿಗೆ ಮುಟ್ಟಿತೆಂದೂ ಹೇಳಲಾಗದು.

ಈ ಮಾತು ಕರ್ನಾಟಕದ ಗಡಿಸೀಮೆಯವರಿಗೆ ವಿವರಿಸಬೇಕಾದುದಲ್ಲ. 1956ರವರೆಗೆ ಹೈದರಾಬಾದ್ ರಾಜ್ಯದ ಭಾಗವಾಗಿದ್ದ ಬೀದರ ಜಿಲ್ಲೆಯಲ್ಲಿ ಕನ್ನಡ, ಮರಾಠಿ, ತೆಲುಗು, ಉರ್ದುಗಳು ಒಂದೇ ಓಣಿಯ ಮಾತುಗಳು. ಬೀದರಿನ ಗಾಂಧಿ ಗಂಜಿನಲ್ಲಿ ಔರಾದದ ರೈತ, ಭಾಲ್ಕಿಯ ವ್ಯಾಪಾರಿ, ಗಡಿಯಾಚೆಯ ಗಿರಾಕಿ ಒಂದೇ ವ್ಯವಹಾರದಲ್ಲಿ ಎರಡು ಮೂರು ಭಾಷೆ ದಾಟುವುದು ಯಾರಿಗೂ ವಿಶೇಷವೆನಿಸುವುದಿಲ್ಲ. ಅಂಗಡಿಯಲ್ಲಿ ಸಹಜವಾದದ್ದು ಸಾಹಿತ್ಯ ಚರಿತ್ರೆಯಲ್ಲಿ ಮಾತ್ರ ಅಪವಾದವಾಗಿ ಕಾಣುತ್ತಿದ್ದರೆ, ದೋಷ ಬದುಕಿನದಲ್ಲ, ಚರಿತ್ರೆ ಬರೆಯುವ ಕ್ರಮದ್ದು. ನೆಲ್ಲೂರಿನ ತೆಲುಗು ಕವಿಯೊಬ್ಬರು ಮಲೆನಾಡಿನ ಅಗ್ರಹಾರದಲ್ಲಿ ನಿಂತು ಕನ್ನಡದ ಒಂದು ಮುಖ್ಯ ಕೃತಿಗೆ ಕಣ್ಣು ಕೊಟ್ಟದ್ದು ಆಕಸ್ಮಿಕವಲ್ಲ. ಹುಟ್ಟಿನ ಗುರುತನ್ನೇ ಕೊನೆಯ ಗುರುತೆಂದು ಒಪ್ಪದ ಬದುಕಿನ ಸಹಜ ಹೆಜ್ಜೆ ಅದು. ಎರಡು ಭಾಷೆಗಳು ಬೇರೆ ಬೇರೆಯಾಗಿ ನೆನಪಿಟ್ಟುಕೊಂಡ ಪಟ್ಟಾಭಿಯನ್ನು ಒಬ್ಬನೇ ಮನುಷ್ಯನನ್ನಾಗಿ ಮತ್ತೆ ಕಾಣುವ ಕೆಲಸ ಕನ್ನಡ ಮತ್ತು ತೆಲುಗು ಅಧ್ಯಯನ ವಿಭಾಗಗಳೆರಡರ ಬಾಕಿಯಾಗಿ ಉಳಿದಿದೆ.